ಅತ್ತೆಯವರ ಊರು ನಿಂತುಹೋದ ದಿನ

ನಾನು ಸಾಗರದ ಒಂದು ಹೈಸ್ಕೂಲಿನಲ್ಲಿ ವಿಜ್ಞಾನದ ಮೇಷ್ಟ್ರು. ವಿದ್ಯುತ್ತಿನ ಪಾಠವನ್ನು ನನ್ನಷ್ಟು ಚೆನ್ನಾಗಿ ಮಾಡುವವರು ತಾಲ್ಲೂಕಿನಲ್ಲಿಲ್ಲ ಎಂಬುದು ನನ್ನ ಅಭಿಪ್ರಾಯವಾಗಿತ್ತು. ಆದ್ದರಿಂದ ನಮ್ಮ ಮನೆಗೆ ಟಿವಿಯಲ್ಲಿ ಆಟ ಆಡುವ ಯಂತ್ರ ಬಂದಾಗ, ಅದರ ಉಸ್ತುವಾರಿ ಸಹಜವಾಗಿ ನನಗೇ ಸೇರಿದ್ದು ಎಂದು ತಿಳಿದುಕೊಂಡೆ. ಮನೆಯಲ್ಲಿ ಬೇರೆ ಯಾರೂ ಹಾಗೆ ತಿಳಿದುಕೊಂಡಿರಲಿಲ್ಲ.

ಯಂತ್ರ ತಂದವನು ನನ್ನ ಹೆಂಡತಿ ಸುಜಾತಳ ತಮ್ಮ ರಮೇಶ. ಮಸ್ಕತ್ತಿನಲ್ಲಿ ಕೆಲಸ. ರಜೆಗೆ ಬಂದವನು ತಾಯಿಯನ್ನು ನೋಡಲು ನೇರವಾಗಿ ನಮ್ಮ ಮನೆಗೇ ಬಂದ. ಏಕೆಂದರೆ ನಮ್ಮ ಅತ್ತೆಯವರು ತಮ್ಮ ಊರು ಮೇಳಿಗೆಯಲ್ಲಿ ಕೊಟ್ಟಿಗೆಯ ಮೆಟ್ಟಿಲು ಜಾರಿ ಕಾಲು ಮುರಿದುಕೊಂಡು, ಆಸ್ಪತ್ರೆ ಹತ್ತಿರ ಎಂದು ಸಾಗರದ ನಮ್ಮ ಮನೆಯ ಹಾಲಿನಲ್ಲಿ ಮಂಚ ಹಾಕಿಸಿಕೊಂಡಿದ್ದರು.

ಯಂತ್ರವೆಂದರೆ ಟೈಪ್‌ರೈಟರಿನ ಹಾಗೆ ಗುಂಡಿಗಳಿದ್ದ ಒಂದು ಕಪ್ಪು ಪೆಟ್ಟಿಗೆ. ಒಂದು ವಯರು ಟಿವಿಗೆ, ಇನ್ನೊಂದು ಟೇಪ್ ರೆಕಾರ್ಡರಿಗೆ. ಆಟ ಕ್ಯಾಸೆಟ್ಟಿನಲ್ಲಿ ಬರುತ್ತಿತ್ತು. ಆಡಿದಷ್ಟನ್ನು ಮತ್ತೆ ಇನ್ನೊಂದು ಕ್ಯಾಸೆಟ್ಟಿಗೆ ತುಂಬಿಟ್ಟರೆ ಮರುದಿನ ಅಲ್ಲಿಂದಲೇ ಮುಂದುವರಿಸಬಹುದಿತ್ತು. ತುಂಬದೆ ಸ್ವಿಚ್ ಆರಿಸಿದರೆ ಎಲ್ಲ ಹೋಯಿತು.

ಅತ್ತೆಯವರಿಗೆ ಹಿಡಿಸಿದ ಆಟದಲ್ಲಿ ಒಂದು ನದಿ, ನದಿಯ ಪಕ್ಕ ಒಂದು ಊರು, ಊರಿನ ಮುಂದೆ ಭತ್ತದ ಗದ್ದೆ. ಎಷ್ಟು ಜನರನ್ನು ಗದ್ದೆಗೆ ಕಳಿಸಬೇಕು, ಎಷ್ಟು ಜನರನ್ನು ನದಿಯ ಒಡ್ಡು ಕಟ್ಟಲು ಹಾಕಬೇಕು, ಎಷ್ಟು ಜನ ಕಳ್ಳರಿಗೆ ಕಾವಲು ಎಂದು ಯಂತ್ರ ಕೇಳುತ್ತದೆ. ನಾವು ಅಂಕಿ ಒತ್ತಬೇಕು. ಆಮೇಲೆ ನೆರೆ ಬರುತ್ತದೆ, ಕಳ್ಳರು ಬರುತ್ತಾರೆ, ಉಳಿದರೆ ಊರು ಬೆಳೆಯುತ್ತದೆ. ಇಂಗ್ಲಿಷಿನ ಪ್ರಶ್ನೆಗಳ ಅರ್ಥವನ್ನು ರಮೇಶ ಒಮ್ಮೆ ಹೇಳಿಕೊಟ್ಟ. ಎರಡನೆಯ ಸಲ ಹೇಳಬೇಕಾಗಲಿಲ್ಲ.

ಮೊದಲು ನಾನು ಆಡಿದೆ. ಎರಡನೆಯ ವರ್ಷಕ್ಕೆ ನನ್ನ ಊರಿನವರೆಲ್ಲ ಹಸಿವಿನಿಂದ ಸತ್ತರು. ಯಂತ್ರದಲ್ಲಿ ಏನೋ ದೋಷವಿದೆ ಎಂದೆ.

ಅತ್ತೆಯವರು ಕನ್ನಡಕ ಏರಿಸಿಕೊಂಡು ಕೇಳಿದರು. "ಬಿತ್ತನೆ ಭತ್ತ ಇಟ್ಕೊಂಡಿದ್ರಾ?"

"ಇಲ್ಲ. ಎಲ್ಲಾ ಜನಕ್ಕೆ ಹಂಚಿದೆ."

"ಹಂಗಾರೆ ಯಂತ್ರ ಸರಿಯಾಗೇ ಇದೆ."

ಅಂದಿನಿಂದ ಆ ಊರು ಅತ್ತೆಯವರದಾಯಿತು. ಗೇಣಿ, ನಾಟಿ, ನೆರೆ ಎಲ್ಲ ಕಂಡವರು. ಅವರ ಕೈಯಲ್ಲಿ ಊರು ಬೆಳೆಯಿತು. ಮನೆಗಳು ಎದ್ದವು. ಪರದೆಯಲ್ಲಿ ಒಡ್ಡಿನ ಮೇಲೆ ಮಣ್ಣಿನ ಬುಟ್ಟಿ ಹೊತ್ತು ಸಾಲಾಗಿ ನಡೆಯುವ ಪುಟ್ಟ ಆಳುಗಳನ್ನು ಅವರು 'ನಮ್ಮ ಜನ' ಎನ್ನತೊಡಗಿದರು. ಪ್ಲಾಸ್ಟರ್ ಬಿಚ್ಚಿ, ಕೋಲು ಹಿಡಿದು ಓಡಾಡುವಂತಾದರೂ ಮೇಳಿಗೆಯ ಮಾತು ಬರಲಿಲ್ಲ. ಟಿವಿಯಲ್ಲಿ ವಾರ್ತೆ ನೋಡುವ ನನ್ನ ಹಕ್ಕು ಎಲ್ಲಿ ಹೋಯಿತೆಂದು ಯಾರೂ ಕೇಳಲಿಲ್ಲ.

ರಮೇಶ ಒಂದು ಶನಿವಾರ ಮೇಳಿಗೆಗೆ ಹೊರಟ. ಹೊರಡುವಾಗ ಹೇಳಿದ, "ಭಾವ, ಸಂಜೆ ಆಡಿದ್ಮೇಲೆ ಕ್ಯಾಸೆಟ್ಟಿಗೆ ತುಂಬ್ಬೇಕು. ಪ್ಲಗ್ಗು ಟೇಪ್ ರೆಕಾರ್ಡರಿನ ಮೈಕಿನ ತೂತಿಗೆ ಹಾಕ್ಬೇಕು, ಇಯರ್‌ಫೋನಿನ ತೂತಿಗಲ್ಲ. ತೋರಿಸ್ಲಾ?"

"ವಿದ್ಯುತ್ತು ನಂಗೆ ಹೇಳಿಕೊಡ್ತೀಯಾ?" ಎಂದೆ.

ಭಾನುವಾರ ಸಂಜೆ ಅತ್ತೆಯವರು ಆಟ ಮುಗಿಸಿ, ಕೋಲೂರಿಕೊಂಡು ಹಿತ್ತಿಲ ಬಚ್ಚಲಿಗೆ ಹೋದರು. ನಾನು ಕ್ಯಾಸೆಟ್ ಹಾಕಿ, ಪ್ಲಗ್ಗು ಚುಚ್ಚಿ, ಕೆಂಪು ಗುಂಡಿ ಒತ್ತಿದೆ. ಚಕ್ರಗಳು ತಿರುಗಿದವು. ಅದು ತುಂಬಿಕೊಳ್ಳುವಷ್ಟು ಹೊತ್ತು ನಾನೂ ಸುಜಾತಳೂ ಅದೂ ಇದೂ ಮಾತಾಡಿಕೊಂಡು ಕುಳಿತೆವು. ತುಂಬಿದ ಮೇಲೂ ಯಂತ್ರ ಆರಿಸಲಿಲ್ಲ. "ಬೆಳಿಗ್ಗೆ ಎದ್ದ ಕೂಡ್ಲೆ ನಾಟಿ ಇದೆ, ಹಾಗೇ ಇರ್ಲಿ" ಎಂದು ಅತ್ತೆಯವರು ಬಚ್ಚಲಿನಿಂದಲೇ ಕೂಗಿ ಹೇಳಿದ್ದರು.

ಸೋಮವಾರ ಬೆಳಿಗ್ಗೆ ಅವರಿಗೆ ಕಂಡು ಕೇಳರಿಯದ ಬೆಳೆ ಬಂತು. ದೊಡ್ಡ ನೆರೆ ಬಂದರೂ ಒಡ್ಡು ನಿಂತಿತು. ಕಳ್ಳರು ಬರಿಗೈಯಲ್ಲಿ ಹೋದರು. ಊರಿನ ಜನ ದುಪ್ಪಟ್ಟಾದರು. ಆ ಕ್ಷಣದಲ್ಲಿ ಯಂತ್ರ ಸಿಕ್ಕಿಕೊಂಡಿತು.

ಯಾವ ಗುಂಡಿ ಒತ್ತಿದರೂ ಏನೂ ಆಗಲಿಲ್ಲ. ಆಳುಗಳು ಬುಟ್ಟಿ ಹೊತ್ತವರು ಹೊತ್ತ ಹಾಗೆಯೇ ನಿಂತುಬಿಟ್ಟರು.

"ಆರಿಸಿ ಹಾಕಿದ್ರೆ ಸರಿಹೋಗತ್ತೆ" ಎಂದೆ. "ನಿನ್ನೆ ಸಂಜೆವರೆಗಿಂದು ಕ್ಯಾಸೆಟ್ಟಿನಲ್ಲಿದೆ."

"ಇವತ್ತಿಂದು?"

"ಇವತ್ತಿಂದು ಹೋಗತ್ತೆ."

ಅತ್ತೆಯವರು ಪರದೆಯನ್ನೇ ನೋಡಿದರು. "ಅಷ್ಟು ಬೆಳೆ ಬಂದಿದೆ. ಅದನ್ನು ಬಿಟ್ಟುಕೊಡಲ್ಲ. ಹೋಗದ ಹಾಗೆ ಆರಿಸೋಕೆ ಎಂತಾದ್ರೂ ದಾರಿ ಇದ್ದೇ ಇರತ್ತೆ. ರಮೇಶನ್ನ ಕೇಳಿ. ಅಲ್ಲೀವರೆಗೆ ಯಾರೂ ಮುಟ್ಟಬೇಡಿ."

ನಾನು ಶಾಲೆಗೆ ರಜೆ ಹೇಳಿ ಕಳಿಸಿದೆ. ಯಂತ್ರ ಬಿಸಿಯಾಗುತ್ತಿತ್ತು. ಟೇಬಲ್ ಫ್ಯಾನನ್ನು ಅತ್ತೆಯವರ ಕಡೆಯಿಂದ ಅದರ ಕಡೆಗೆ ತಿರುಗಿಸಿದೆ. ವೋಲ್ಟೇಜು ಬಿದ್ದೀತೆಂದು ಮಿಕ್ಸಿ ಹಾಕಬಾರದೆಂದು ಸುಜಾತಳಿಗೆ ಕಟ್ಟಪ್ಪಣೆ ಮಾಡಿದೆ. ಅವಳು ಒರಳಿನಲ್ಲಿ ರುಬ್ಬುತ್ತ, ವಿಜ್ಞಾನದ ಮೇಷ್ಟ್ರನ್ನು ಮದುವೆಯಾದದ್ದರ ಬಗ್ಗೆ ತನಗೆ ತಾನೇ ಏನೋ ಹೇಳಿಕೊಂಡಳು. ಟಿವಿಗೂ ಯಂತ್ರಕ್ಕೂ ಗೋಡೆಯ ಮೇಲೆ ಒಂದೇ ಸ್ವಿಚ್ಚು. ಆ ಏರ್ಪಾಡು ನನ್ನದೇ.

ಫೋನಿದ್ದದ್ದು ಎದುರುಮನೆಯಲ್ಲಿ, ಅಕ್ಕಿ ಮಿಲ್ಲಿನ ಪದ್ಮಯ್ಯನವರ ಹತ್ತಿರ. ಮೇಳಿಗೆಯ ಮನೆಗೆ ಫೋನಿರಲಿಲ್ಲ. ತೀರ್ಥಹಳ್ಳಿಯಲ್ಲಿ ಅತ್ತೆಯವರ ಅಣ್ಣ ಮಂಜಪ್ಪ ಮಾವನವರಿಗೆ ಬಟ್ಟೆ ಅಂಗಡಿ ಇತ್ತು. ಅಲ್ಲಿಗೆ ಟ್ರಂಕ್ ಕಾಲ್ ಬುಕ್ ಮಾಡಿದೆ. ಬಹಳ ಹೊತ್ತು ಕಾದ ಮೇಲೆ ಸಿಕ್ಕಿತು. ಎತ್ತಿದವರು ಮಾವನವರೇ. ಲೈನಿನಲ್ಲಿ ಎಣ್ಣೆ ಕಾದಂಥ ಸದ್ದು. ಹಿಂದೆ ಮಿಲ್ಲಿನ ಗದ್ದಲ ಬೇರೆ.

"ರಮೇಶ ಇದಾನಾ?" ಎಂದು ಕೂಗಿದೆ.

"ಅವ ಕುಂದಾಪುರಕ್ಕೆ ಹೋಗಿದಾನೆ. ಎಂತ ವಿಷ್ಯ?"

"ಅತ್ತೇದು ನಿಂತುಹೋಗಿದೆ ಅಂತ ಹೇಳಿ!"

"ಎಂತದು?"

"ಎಲ್ಲಾ ನಿಂತುಹೋಗಿದೆ. ಬೆಳಿಗ್ಗೆಯಿಂದ ಅಲ್ಲಾಡ್ತಾನೇ ಇಲ್ಲ. ಎಲ್ಲಿ ಒತ್ತಿದ್ರೂ ಎಂತದೂ ಇಲ್ಲ. ಕರೆಂಟು ತೆಗೆದ್ರೆ ಪೂರ್ತಿ ಹೋಗ್ತದೆ. ತೆಗೀಬೇಕಾ ಬೇಡ್ವಾ ಅಂತ ರಮೇಶನೇ ಹೇಳ್ಬೇಕು. ನಾನು ಜವಾಬ್ದಾರಿ ತಗೊಳ್ಳಲ್ಲ."

ಮಾವನವರ ಸ್ವರ ಸಣ್ಣಗೆ ಬಂತು. "ಡಾಕ್ಟ್ರು ಎಂತ ಅಂತಾರೆ?"

ಪ್ರಶ್ನೆ ನನಗೆ ವಿಚಿತ್ರವಾಗಿ ಕಂಡಿತು. "ಡಾಕ್ಟ್ರು ಇದಕ್ಕೆ ಎಂತಕ್ಕೆ ಮಾವ? ಇದು ಅವರ ಕೈಲಿ ಆಗೋದಲ್ಲ" ಎಂದೆ.

ಲೈನು ಕಡಿದುಹೋಯಿತು. ವಿಷಯವನ್ನು ಚುಟುಕಾಗಿ, ಸ್ಪಷ್ಟವಾಗಿ ಮುಟ್ಟಿಸಿದ ತೃಪ್ತಿಯಿಂದ ಮನೆಗೆ ಬಂದೆ.

ಮಂಜಪ್ಪ ಮಾವನವರು ಅಂಗಡಿಗೆ ಬಾಗಿಲು ಹಾಕಿದರಂತೆ. ಮೇಳಿಗೆಗೆ ಹೋಗಿ ಮನೆಯವರನ್ನು ಜೀಪಿಗೆ ತುಂಬಿಸಿಕೊಂಡರಂತೆ. ಹೊಸನಗರದಲ್ಲಿ ಇನ್ನಿಬ್ಬರು ನೆಂಟರು ಹತ್ತಿದರಂತೆ. ಹೋಗುವಷ್ಟರಲ್ಲಿ ಏನಾಗಿರುತ್ತದೋ ಎಂದು ಅಲ್ಲೇ ಒಂದು ಹೂವಿನ ಹಾರವನ್ನೂ ಕೊಂಡು, ಅಪಶಕುನವಾಗಬಾರದೆಂದು ಸೀಟಿನ ಕೆಳಗೆ ಇಟ್ಟಿದ್ದರಂತೆ. ಇದೆಲ್ಲ ನನಗೆ ಆಮೇಲೆ ತಿಳಿದದ್ದು.

ಮಧ್ಯಾಹ್ನ ಊಟವಾದ ಮೇಲೆ ಅತ್ತೆಯವರು ಮಂಚದ ಮೇಲೆ ಮಲಗಿದರು. ಫ್ಯಾನು ಯಂತ್ರದ ಸೇವೆಯಲ್ಲಿದ್ದುದರಿಂದ ನೊಣದ ಕಾಟಕ್ಕೆ ಬಿಳಿ ಪಂಚೆಯೊಂದನ್ನು ಮುಖದ ತನಕ ಎಳೆದುಕೊಂಡಿದ್ದರು. ನಿದ್ದೆ ಗಾಢವಾಗಿತ್ತು. ನಾನು ಪಕ್ಕದಲ್ಲಿ ತಲೆಯ ಮೇಲೆ ಕೈಹೊತ್ತು, ರಮೇಶನ ಉತ್ತರಕ್ಕೆ ಕಾಯುತ್ತ ಕುಳಿತಿದ್ದೆ. ಜೀಪು ಬಂದು ನಿಂತಿತು.

ಬಾಗಿಲಲ್ಲಿ ಮಂಜಪ್ಪ ಮಾವನವರು ಕಾಣಿಸಿದರು. ಮಂಚ ನೋಡಿದರು, ಪಂಚೆ ನೋಡಿದರು, ನನ್ನನ್ನು ನೋಡಿದರು. ಹೆಗಲ ಮೇಲಿನ ಟವೆಲನ್ನು ತೆಗೆದು ಬಾಯಿಗೆ ಒತ್ತಿಕೊಂಡರು. ಇಷ್ಟೊಂದು ಜನ ಯಂತ್ರ ನೋಡಲು ಬಂದರಲ್ಲ ಎಂದು ನನಗೆ ಆಶ್ಚರ್ಯವಾಯಿತು.

"ಯಾವಾಗ?" ಎಂದು ಕೇಳಿದರು.

"ಬೆಳಿಗ್ಗೆ ತಿಂಡಿ ಆದ್ಮೇಲೆ" ಎಂದೆ.

ಅವರ ಹಿಂದಿನಿಂದ ಅವರ ಹೆಂಡತಿ ಸರೋಜತ್ತೆ "ಅಯ್ಯೋ ನನ್ನ ನಾದಿನೀ" ಎಂದು ಸ್ವರ ತೆಗೆದರು. ಜೀಪಿನವರೆಲ್ಲ ಸ್ವರಕ್ಕೆ ಸ್ವರ ಸೇರಿಸಿದರು. ಅಳುತ್ತಲೇ ಒಳಗೆ ಬಂದ ಸರೋಜತ್ತೆಯ ಕಣ್ಣು ಉರಿಯುತ್ತಿದ್ದ ಟಿವಿಯ ಮೇಲೆ ಬಿತ್ತು.

"ಇಂಥಾ ಹೊತ್ತಲ್ಲಿ ಮನೇಲಿ ಟಿವಿ ಹಾಕ್ಕೊಂಡು ಕೂತಿದೀರಲ್ಲ ಮಾರಾಯ್ರೆ" ಎಂದವರೇ ಗೋಡೆಗೆ ಕೈ ಹಾಕಿದರು.

ಟಕ್.

ನಾನು ಬಾಯಿ ತೆರೆಯುವಷ್ಟರಲ್ಲಿ ಊರು, ಒಡ್ಡು, ಬೆಳೆ, ಬುಟ್ಟಿ ಹೊತ್ತ ಆಳುಗಳು ಎಲ್ಲ ಒಂದು ಚುಕ್ಕೆಯಾಗಿ, ಆ ಚುಕ್ಕೆಯೂ ಆರಿತು.

ಗಲಾಟೆಗೆ ಅತ್ತೆಯವರು ಪಂಚೆ ಸರಿಸಿ ಎದ್ದು ಕುಳಿತರು. ಅಳು ನಿಂತಿತು. ಹೊಸನಗರದವರಲ್ಲಿ ಒಬ್ಬರು ಹಿಂದಕ್ಕೆ ಸರಿದು ಬಾಗಿಲಿಗೆ ತಲೆ ಹೊಡೆದುಕೊಂಡರು.

"ಎಂತ ಅಣ್ಣಯ್ಯ, ಎಲ್ರೂ ಬಂದ್ರಾ?" ಎಂದರು ಅತ್ತೆಯವರು. ಅನಂತರ ಕಪ್ಪಾಗಿದ್ದ ಪರದೆಯನ್ನು ನೋಡಿದರು. ಅಲ್ಲಿಂದ ಮುಂದೆ ಅಳುವ ಸರದಿ ಅವರದಾಗಬಹುದೆಂದು ನಾನು ಹೆದರಿದೆ. ಅವರು ಅಳಲಿಲ್ಲ. "ಅಷ್ಟು ಒಳ್ಳೆ ಬೆಳೆ ಬಂದಿತ್ತು" ಎಂದರು, ಅಷ್ಟೇ. ಅತ್ತಿದ್ದರೆ ವಾಸಿಯಿತ್ತು.

ಎಲ್ಲವನ್ನೂ ವಿವರಿಸುವ ಹೊತ್ತಿಗೆ ಸುಜಾತ ಬಂದವರಿಗೆಲ್ಲ ಕಾಫಿ ಕೊಟ್ಟಿದ್ದಳು. ಮಂಜಪ್ಪ ಮಾವನವರು ಫೋನಿನಲ್ಲಿ ನಾನಾಡಿದ್ದನ್ನು ಒಂದಕ್ಷರ ಬಿಡದೆ ಎಲ್ಲರ ಮುಂದೆ ಒಪ್ಪಿಸಿದರು. ಕೇಳಿದರೆ ನನಗೂ ಅದು ಸಾವಿನ ಸುದ್ದಿಯ ಹಾಗೆಯೇ ಕೇಳಿಸಿತು.

ಮಾನ ಉಳಿಸಿಕೊಳ್ಳಲು ಒಂದೇ ದಾರಿಯಿತ್ತು. "ಯಾರೂ ಬೇಜಾರು ಮಾಡ್ಕೋಬೇಡಿ. ಹೋಗಿದ್ದು ಇವತ್ತಿಂದು ಮಾತ್ರ. ನಿನ್ನೆವರೆಗಿನ ಊರು ನನ್ನ ಹತ್ರ ಭದ್ರವಾಗಿದೆ" ಎಂದು ಘೋಷಿಸಿ ಕ್ಯಾಸೆಟ್ ಹಾಕಿದೆ. ಎಲ್ಲರೂ ಟಿವಿಯ ಮುಂದೆ ಸೇರಿದರು. ಟೇಪು ತಿರುಗಿತು. ಯಂತ್ರ ಬಹಳ ಹೊತ್ತು ಹುಡುಕಿತು. ಏನೂ ಸಿಕ್ಕಲಿಲ್ಲ.

"ಕ್ಯಾಸೆಟ್ಟಲ್ಲಿ ಎಂತಾದ್ರೂ ಇದೆಯೋ ಇಲ್ವೋ ನೋಡಿ" ಎಂದರು ಮಾವನವರು.

"ಇದ್ದೇ ಇದೆ. ಜೀರುಂಡೆ ಕೂಗಿದ ಹಾಗೆ ಕೇಳತ್ತೆ. ಕೇಳಿಸ್ತೀನಿ" ಎಂದು ಟೇಪನ್ನು ಹಿಂದಕ್ಕೆ ಸುತ್ತಿ, ಪ್ಲಗ್ಗು ಕಿತ್ತು, ಸ್ವರ ದೊಡ್ಡದು ಮಾಡಿದೆ.

ಜೀರುಂಡೆ ಕೂಗಲಿಲ್ಲ. ಬಹಳ ಪರಿಚಯದ ಗಂಡಸಿನ ಸ್ವರವೊಂದು ಸ್ಪಷ್ಟವಾಗಿ ಕೇಳಿಬಂತು.

"ಪ್ಲಾಸ್ಟರ್ ಬಿಚ್ಚಿ ಎಷ್ಟು ದಿನ ಆಯ್ತು? ನಿಮ್ಮಮ್ಮಂಗೆ ಊರಿಗೆ ಹೋಗೋ ಯೋಚನೆ ಏನಾದ್ರೂ ಇದೆಯಾ?"

"ಮೆಲ್ಲಗೆ ಮಾತಾಡಿ. ಬಚ್ಚಲಿಗೆ ಕೇಳಿಸತ್ತೆ." ಇದು ಸುಜಾತ.

"ಕೇಳಿಸ್ಲಿ. ಒಂದು ತಿಂಗಳು ನಿಮ್ಮ ಮಂಜಪ್ಪ ಮಾವನ ಮನೆಗೆ ಕಳಿಸು. ಆದ್ರೆ ಆ ಮನುಷ್ಯ ಯಾರಿಗೂ ಒಂದು ಲೋಟ ಕಾಫಿ ಕೊಟ್ಟವರಲ್ಲ, ಅಕ್ಕತಂಗೇರಿಗೆ ಊಟ ಹಾಕ್ತಾರಾ?"

ನಾನು ನಿಲ್ಲಿಸುವ ಗುಂಡಿಗೆ ಬದಲು ಇನ್ಯಾವುದನ್ನೋ ಒತ್ತಿದೆ. ಕ್ಯಾಸೆಟ್ಟಿನ ಬಾಗಿಲು ತೆರೆದುಕೊಂಡಿತು. ಅಷ್ಟರಮಟ್ಟಿಗೆ ದೇವರು ದೊಡ್ಡವನು.

ಹಿಂದಿನ ಸಂಜೆ ನಾನು ಪ್ಲಗ್ಗು ಚುಚ್ಚಿದ್ದು ಇಯರ್‌ಫೋನಿನ ತೂತಿಗೆ. ಯಂತ್ರದ ಮಾತು ಕೇಳಿಸದ ಟೇಪ್ ರೆಕಾರ್ಡರು ತನ್ನದೇ ಮೈಕಿನಿಂದ ನಮ್ಮ ಮಾತನ್ನು ಕೇಳಿಸಿಕೊಂಡಿತ್ತು. ಅದೂ ರಮೇಶ ತುಂಬಿಟ್ಟಿದ್ದ ಊರನ್ನು ಅಳಿಸಿ, ಅದರ ಮೇಲೆಯೇ.

ಮಂಜಪ್ಪ ಮಾವನವರು ಕೈಯಲ್ಲಿದ್ದ ಕಾಫಿ ಲೋಟವನ್ನು ಒಮ್ಮೆ ನೋಡಿ, ಪೂರ್ತಿ ಕುಡಿದು ಕೆಳಗಿಟ್ಟರು. "ಕಾಫಿ ಚೆನ್ನಾಗಿದೆ ಸುಜಾತ" ಎಂದರು. ಸುಜಾತ ಅಡಿಗೆಮನೆಗೆ ಹೋದವಳು ಬಹಳ ಹೊತ್ತು ಹೊರಗೆ ಬರಲಿಲ್ಲ.

ಅತ್ತೆಯವರು ಮಾತ್ರ ಮುಖ ಗಂಟಿಕ್ಕಲಿಲ್ಲ. ಕನ್ನಡಕ ಒರೆಸಿಕೊಂಡು, ಆಟದ ಕ್ಯಾಸೆಟ್ ಹಾಕಿ ಎಂದು ಅಣ್ಣನಿಗೆ ಹೇಳಿದರು. ಹೊಸ ಊರು ಕಟ್ಟಲು ಶುರು ಮಾಡಿದರು. ಮಾವನವರು ಪಕ್ಕದಲ್ಲಿ ಕುಳಿತು ಒಡ್ಡಿಗೆ ಇನ್ನಷ್ಟು ಜನ ಹಾಕು ಎಂದರು. ಸರೋಜತ್ತೆ ಕಳ್ಳರ ವಿಷಯದಲ್ಲಿ ಸಲಹೆ ಕೊಟ್ಟರು. ಹೊಸನಗರದವರು ಜಗಲಿಯಲ್ಲಿ ಚಾಪೆ ಹಾಸಿದರು. ಜೀಪು ಆ ದಿನ ವಾಪಸ್ ಹೊರಡಲಿಲ್ಲ. ನಾನು ಸಾಮಾನು ತರಲು ಚೀಲ ಹಿಡಿದು ಅಂಗಡಿಗೆ ಹೋದೆ.

ಸಂಜೆ ಆಟ ಮುಗಿಯುವ ಹೊತ್ತಿಗೆ, ಆದದ್ದನ್ನು ಸ್ವಲ್ಪವಾದರೂ ಸರಿಪಡಿಸೋಣವೆಂದು ಹತ್ತಿರ ಹೋಗಿ ಕೇಳಿದೆ. "ಅತ್ತೆ, ಕ್ಯಾಸೆಟ್ಟಿಗೆ ತುಂಬಿಡ್ಲಾ? ಈ ಸಲ ಸರಿಯಾದ ತೂತಿಗೇ ಹಾಕ್ತೀನಿ."

"ಬೇಡ" ಎಂದರು ಅತ್ತೆಯವರು, ಪರದೆಯಿಂದ ಕಣ್ಣು ತೆಗೆಯದೆ. "ತುಂಬಿಡೋ ಅವಸರ ಎಂತ? ಹೋದ್ರೆ ಇನ್ನೊಂದು ಕಟ್ಟಿದ್ರಾಯ್ತು. ನಾನು ಇಲ್ಲೇ ಇರ್ತೀನಲ್ಲ."

ಅತ್ತೆಯವರು ದೀಪಾವಳಿ ಮುಗಿಸಿಕೊಂಡೇ ಹೋದರು. ಅಷ್ಟರಲ್ಲಿ ಯಾವ ಪ್ಲಗ್ಗು ಯಾವ ತೂತಿಗೆ ಎಂಬುದರಿಂದ ಹಿಡಿದು ವಿದ್ಯುತ್ತಿನ ಬಗ್ಗೆ ಅವರಿಂದ ನಾನು ಎಷ್ಟೋ ವಿಷಯ ಕಲಿತಿದ್ದೆ.