ಬೆನ್ನುಗಳ ಛಾಯಾಗ್ರಾಹಕ

ನಮ್ಮ ಮನೆಯಲ್ಲಿ ಹಗಲು ಹೊತ್ತು ಲೈಟು ಹಾಕುವುದು ಮಹಾಪರಾಧ! ಐರ್ಲೆಂಡಿನ ಈ ಗಾಲ್ವೇಯ ಮೋಡ ಮುಸುಕಿದ ಹಗಲನ್ನು ಕಂಡವರಿಗೆ ನನ್ನ ಕಷ್ಟ ಅರ್ಥವಾದೀತು. ಈ ಕಾನೂನು ತಂದವನು ನನ್ನ ಜೊತೆ ಬಾಡಿಗೆ ಮನೆಯಲ್ಲಿರುವ ಥಾಯ್ಲೆಂಡಿನ ಸಿನಿಮಾ ಛಾಯಾಗ್ರಾಹಕ. ಕಿಟಕಿಯಿಂದ ಬಂದಷ್ಟು ಬೆಳಕೇ ಸಾಕಂತೆ. ಸಾಕೇನ್ರೀ? ಕಾಫಿಗೆ ಉಪ್ಪು ಹಾಕಿಕೊಂಡು ಕುಡಿದವನು ನಾನು!

ಬ್ಯಾಂಕಾಕಿನಲ್ಲಿ ಸೋಪಿನ ಜಾಹೀರಾತುಗಳಿಗೆ ಲೈಟು ಹೊರುತ್ತಿದ್ದನಂತೆ. ಹೊತ್ತೂ ಹೊತ್ತೂ ಅದರ ಮೇಲೇ ಸಿಟ್ಟು ಬಂತೋ ಏನೋ! ಮುಂದೆ ದೆವ್ವದ ಸಿನಿಮಾಕ್ಕೆ ಕ್ಯಾಮೆರಾ ಹಿಡಿದ. "ದೆವ್ವ ಎಲ್ಲಯ್ಯಾ, ಕಾಣ್ತಾನೇ ಇಲ್ಲ?" ಎಂದು ನಿರ್ಮಾಪಕ ಕೂಗಾಡಿದರೆ, "ಆಗಲೇ ಬಂದು ಹೋಯ್ತಲ್ಲ ಸಾರ್" ಅಂದನಂತೆ. ಆಮೇಲೆ ಅವನ ಚಿತ್ರಗಳು ದೇಶ ದೇಶದ ಚಿತ್ರೋತ್ಸವ ಸುತ್ತಿದವು. ಈಗ ಇಲ್ಲಿ ಕ್ಯಾಮೆರಾ ಪಾಠ ಹೇಳುತ್ತಾನೆ.

ನನ್ನ ಗ್ರಹಚಾರ, ಪರಿಚಯದವರ ಮನೆಯ ಸೀಮಂತಕ್ಕೆ ವಿಡಿಯೋ ತೆಗೆಯಲು ಇವನನ್ನು ಕರೆದೊಯ್ದೆ. ಮಡಿಲು ತುಂಬುವಾಗ ಮಹಾಶಯ ಬಸುರಿಯ ಹಿಂದೆ ಹೋಗಿ ಕೂತ! ಮರುದಿನ ಯಜಮಾನರ ಫೋನು: "ಏನ್ರೀ ಇದು, ನನ್ನ ಹೆಂಡ್ತಿ ಮುಖಾನೇ ಇಲ್ವಲ್ರೀ! ಬರೀ ಬೆನ್ನು!" ಕೇಳಿದರೆ ಇವನು ತಣ್ಣಗೆ, "ಮುಖಕ್ಕೆ ನಟನೆ ಬರತ್ತೆ, ಬೆನ್ನಿಗೆ ಬರಲ್ಲ" ಎಂದ.

ಇಷ್ಟಾದರೂ ನನಗೆ ಬುದ್ಧಿ ಬಂತೇ? ಹಾಸನದಲ್ಲಿರುವ ಅಕ್ಕ ಪ್ರತಿ ಭಾನುವಾರ, "ಒಬ್ನೇ ಒದ್ದಾಡ್ತಿದ್ರೆ ವಾಪಸ್ ಬಂದ್ಬಿಡೋ" ಎನ್ನುವವಳು. "ಗ್ರ್ಯಾಂಡ್ ಆಗಿದೀನಿ ಅಕ್ಕಾ" ಎಂದು ಇಲ್ಲಿಯವರ ಧಾಟಿಯಲ್ಲಿ ನಾನು. ಅವಳು ನಂಬಲೆಂದು ಒಂದು ವಿಡಿಯೋ ಮಾಡಿಸಿದೆ. ಹೊಸ ಅಂಗಿ, ಚಿತ್ರಾನ್ನ, ಕಿವಿಯವರೆಗೆ ನಗು! ಇವನು ಕೊಟ್ಟದ್ದನ್ನು, ಅಷ್ಟೊಂದು ನಕ್ಕಿದ್ದೇನಲ್ಲ, ಇನ್ನೇನು ನೋಡುವುದು ಎಂದು, ನೋಡದೆಯೇ ಅಕ್ಕನಿಗೆ ಕಳಿಸಿಬಿಟ್ಟೆ.

ಅಕ್ಕ ಫೋನು ಮಾಡಿದಳು. "ಯಾಕೋ ನಿಂತ್ಕೊಂಡು ಊಟ ಮಾಡ್ತೀಯಾ?"

ಫೋನು ಇಡದೆಯೇ ವಿಡಿಯೋ ತೆಗೆದು ನೋಡಿದೆ. ನಗುವನ್ನೆಲ್ಲ ಇವನು ಕತ್ತರಿಸಿ ಬಿಸಾಕಿದ್ದ. ಕ್ಯಾಮೆರಾ ನಿಂತಿತೆಂದು ತಿಳಿದು ಅಡುಗೆಮನೆಯ ಕಟ್ಟೆಗೆ ಒರಗಿ, ಕಿಟಕಿಯತ್ತ ತಿರುಗಿ ಉಣ್ಣುತ್ತಿದ್ದ ನನ್ನ ಬೆನ್ನು ಮಾತ್ರ ಇತ್ತು. ಅದು ಮುಗಿಯುವುದೇ ಇಲ್ಲ.

"ಇದನ್ನ ತೆಗೆದೋನು ಯಾರೋ?"

"ಜೊತೇಲಿರೋನು ಅಕ್ಕಾ."

"ಅವನಿಗೂ ಅಲ್ಲಿ ಯಾರೂ ಇಲ್ವೇನೋ ಪಾಪ. ಇಲ್ದಿದ್ರೆ ಇನ್ನೊಬ್ರ ಬೆನ್ನು ನೋಡ್ಕೊಂಡು ಇಷ್ಟು ಹೊತ್ತು ಯಾರು ಕೂತಿರ್ತಾರೆ? ಹೋಗು, ಊಟಕ್ಕೆ ಕರಿ."

ಒಂದೇ ಮನೆಯಲ್ಲಿದ್ದೂ ನಾವು ಒಮ್ಮೆಯೂ ಒಟ್ಟಿಗೆ ಉಂಡಿರಲಿಲ್ಲ. ಅವನ ಕೋಣೆಯ ಬಾಗಿಲು ತಳ್ಳಿದೆ. ಕೈಯಲ್ಲಿ ತಟ್ಟೆ ಹಿಡಿದು, ಗೋಡೆಯ ಕಡೆ ತಿರುಗಿ, ಅವನೂ ನಿಂತೇ ಉಣ್ಣುತ್ತಿದ್ದ.