ಮಾಸ್ಟರ ಮಂಡಿ, ದೊಡ್ಡಮ್ಮನ ಮೆಷಿನ್ನು

ಇಷ್ಟೆಲ್ಲ ರಾದ್ಧಾಂತಕ್ಕೆ ಕಾರಣ ಒಂದೇ ಒಂದು ಜೇಬು.

ಬೆಳಿಗ್ಗೆ ಭಾಮೈದ ತಾನು ಹೊಲಿದ ಶಾಲೆಯ ಅಂಗಿಯೊಂದನ್ನು ಹೆಮ್ಮೆಯಿಂದ ತಂದು ಟೈಲರ್ ಮಾಸ್ಟರ ಮುಂದೆ ಹಿಡಿದ. ಬಲಮಂಡಿಯ ಕೀಲು ಬದಲಿಸಿಕೊಂಡು ಮಾಸ್ಟರು ಮನೆ ಸೇರಿದ ಮೇಲೆ ಅಂಗಡಿ ನೋಡಿಕೊಳ್ಳುತ್ತಿದ್ದವನು ಹೆಂಡತಿಯ ಈ ತಮ್ಮನೇ.

"ಹೆಂಗಿದೆ ಭಾವ?"

ಮಾಸ್ಟರು ಕನ್ನಡಕ ಏರಿಸಿದರು. "ಜೇಬು ಬಲಗಡೆ ಯಾಕಯ್ಯಾ ಬಂತು?"

"ಎದುರಿಂದ ನೋಡಿದ್ರೆ ಎಡಗಡೆನೇ ಅಲ್ವಾ ಭಾವ!"

ಮಾಸ್ಟರ ಪಿತ್ತ ನೆತ್ತಿಗೇರಿತು. ಹರೆಯದಲ್ಲಿ ಹೊಟ್ಟೆ ಬಟ್ಟೆ ಕಟ್ಟಿ ನಿಲ್ಲಿಸಿದ ಅಂಗಡಿ ಅದು. ಮೊನ್ನೆ ಮೊನ್ನೆ ಆಸೆಪಟ್ಟು ಮೋಟಾರ್ ಮೆಷಿನ್ ಬೇರೆ ಹಾಕಿಸಿದ್ದರು. ಶಾಲೆ ಶುರುವಾಗುವ ಈ ಹೊತ್ತಿನಲ್ಲಿ ಅಂಗಡಿ ಇವನ ಕೈಯಲ್ಲಿದ್ದರೆ ಮಾನ ಮೂರು ಕಾಸಿಗೆ ಹರಾಜಾಗುವುದು ಖಂಡಿತ. ಭಾಮೈದ ಅಂಗಿ ಮಡಚಿಕೊಂಡು ಸಿಳ್ಳೆ ಹಾಕುತ್ತ ಹೊರಟ.

"ನಾಳೆಯಿಂದ ನಾನೇ ಅಂಗಡಿಗೆ ಹೋಗ್ತೀನಿ ಕಣೇ," ಎಂದರು ಮಾಸ್ಟರು.

"ಸಂಜೆ ಫಿಸಿಯೋ ಹುಡುಗಿ ಬರ್ತಾಳೆ. ಹಿಮ್ಮಡಿ ಕುರ್ಚಿ ಕೆಳಗೆ ಹೋಗೋಷ್ಟು ಮಂಡಿ ಬಗ್ಗಿದ್ರೆ ಮಾತ್ರ ಅಂಗಡಿ ಅಂದಿದಾಳೆ. ಬಗ್ಗುತ್ತಾ?"

"ಒಳಗೆ ಲೋಹನೇ ಇಟ್ಟಿದಾರೆ. ಬಗ್ಗದೆ ಏನು ಮಾಡುತ್ತೆ?"

"ಲೋಹ ಬಗ್ಗಲ್ಲ ಅಂತಾನೇ ನನಗೆ ಭಯ," ಎಂದು ಹೆಂಡತಿ ಒಳಗೆ ಹೋದಳು.

ಮಾಸ್ಟರ ಧೈರ್ಯಕ್ಕೇನೂ ಕೊರತೆ ಇರಲಿಲ್ಲ. ಕೊರತೆ ಇದ್ದದ್ದು ವ್ಯಾಯಾಮಕ್ಕೆ. ಇಷ್ಟು ದಿನ ಹೆಂಡತಿ ಅಡುಗೆಮನೆಯಲ್ಲಿದ್ದಾಗ ಅವರು ಸೋಫಾಕ್ಕೆ ಒರಗಿ, ಕಾಲು ಅಲುಗಿಸದೆ, ಬರೀ ಬಾಯಲ್ಲಿ "ಅಯ್ಯೋ! ಅಮ್ಮಾ!" ಎಂದು ವ್ಯಾಯಾಮ ಮುಗಿಸುತ್ತಿದ್ದರು. ನಿಜವಾಗಿ ಬಗ್ಗಿಸಲು ಜೀವ ಹೆದರುತ್ತಿತ್ತು. ಈಗ ಒಂದೇ ದಿನದಲ್ಲಿ ಎಲ್ಲ ಬಾಕಿ ತೀರಬೇಕು.

ಮಹಡಿಯ ಮೇಲಿನ ನಿವೃತ್ತ ಬಸ್ ಕಂಡಕ್ಟರಿಗೆ ಸುದ್ದಿ ಹೇಗೆ ತಲುಪಿತೋ, ಕರೆಯದೆಯೇ ಇಳಿದು ಬಂದ.

"ಬಿಡಿ ಮಾಸ್ಟ್ರೇ! ತುಂಬಿದ ಬಸ್ಸಲ್ಲಿ ಜನಾನೇ ಹಿಂದಕ್ಕೆ ಕಳಿಸಿದವನು ನಾನು. ಒಂದು ಕಾಲು ಕಳಿಸಕ್ಕಾಗಲ್ವಾ?"

ಮಾಸ್ಟರನ್ನು ಕುರ್ಚಿಯಲ್ಲಿ ಕೂರಿಸಿ, ಎದುರು ಕುಕ್ಕರುಗಾಲಲ್ಲಿ ಕೂತು, ಪಾದ ಹಿಡಿದು "ಹಿಂದೆ ಹೋಗಿ, ಹಿಂದೆ ಜಾಗ ಇದೆ!" ಎಂದು ತಳ್ಳಿದ. ಮಾಸ್ಟರು ಮೈಯೆಲ್ಲ ಸೆಟೆದುಕೊಂಡರು. ಕಾಲು ಬಗ್ಗಲಿಲ್ಲ, ನುಣುಪು ನೆಲದ ಮೇಲೆ ಕುರ್ಚಿಯೇ ಮಾಸ್ಟರ ಸಮೇತ ಹಿಂದೆ ಜಾರಿ ಗೋಡೆಗೆ ಬಡಿಯಿತು. ಮಾಸ್ಟರ ಕೂಗು ಬೀದಿಯ ಕೊನೆ ಮುಟ್ಟಿತು. ಈ ಸಲದ "ಅಮ್ಮಾ" ಅಪ್ಪಟ ಅಸಲಿ.

ಹೆಂಡತಿ ಕಂಡಕ್ಟರನ್ನು ಮೆಟ್ಟಿಲು ಹತ್ತಿಸುತ್ತಿರುವಾಗಲೇ ಪಕ್ಕದ ಮನೆಯ ದೊಡ್ಡಮ್ಮ ಕೈಯಲ್ಲೊಂದು ದಿಂಬಿನ ಚೀಲ ಹಿಡಿದು ಬಂದರು.

"ಬದುಕಿದ್ದೀಯಾ ತಾನೇ? ಹಾಗಾದ್ರೆ ಇದೊಂದು ಹೊಲಿದುಕೊಡಪ್ಪ. ಮೆಷಿನ್ ನಮ್ಮನೇಲಿ ಸುಮ್ನೆ ಬಿದ್ದಿದೆ. ಸೂಜಿಗೆ ದಾರ ಪೋಣಿಸಕ್ಕೆ ನನಗೆ ಕಣ್ಣು ಕಾಣಲ್ಲ."

ಮೆಷಿನ್ ಎಂದ ಕೂಡಲೇ ಮಾಸ್ಟರಿಗೆ ಅರ್ಧ ನೋವು ಮರೆತುಹೋಯಿತು. ವಾಕರ್ ಹಿಡಿದು ಕುಂಟುತ್ತ ಹೊರಟೇಬಿಟ್ಟರು. ಅದು ಕಾಲಲ್ಲಿ ತುಳಿಯುವ ಹಳೇ ಮೆಷಿನ್. ಮುಂದೆ, ಪೆಡಲಿನ ಅಂಚಿಗೆ ಚಾಚಿಕೊಂಡಂತೆ ಒಂದು ಗಿಡ್ಡ ಸ್ಟೂಲು. ಎಡಗಾಲಲ್ಲಿ ತುಳಿಯುತ್ತ ಚೀಲ ಹೊಲಿದರು. ಅಷ್ಟರಲ್ಲಿ ಕಂಡಕ್ಟರ್ ಜಿಪ್ ಕೆಟ್ಟ ಪ್ಯಾಂಟು ತಂದ. ಅವನ ಹಿಂದೆ ಎದುರುಮನೆಯ ಪರದೆ, ಹಿಂದಿನ ಮನೆಯ ಕೈಚೀಲ, ಯಾರದೋ ಕೊಡೆ. ದೊಡ್ಡಮ್ಮನ ನಡುಮನೆ ಹಳೇ ಬಟ್ಟೆಯ ಸಂತೆಯಾಯಿತು. ಯಾರೂ ಬಿಡಿಗಾಸಿನ ಮಾತೆತ್ತಲಿಲ್ಲ. ಮಾಸ್ಟರಿಗೂ ಅದರ ಪರಿವೆ ಇರಲಿಲ್ಲ. ಕೈ ತುಂಬ ಬಟ್ಟೆ, ಕಿವಿ ತುಂಬ ಮೆಷಿನ್ ಸದ್ದು. ಎಷ್ಟು ದಿನವಾಗಿತ್ತು! ಅವರಿಗೆ ಅಳುವಷ್ಟು ಸಂತೋಷವಾಗಿತ್ತು.

"ಅಲ್ಲಾಡಬೇಡಿ ಅಂಕಲ್!"

ಫಿಸಿಯೋ ಹುಡುಗಿ ಬಾಗಿಲಲ್ಲಿ ನಿಂತಿದ್ದಳು, ಬೆನ್ನ ಹಿಂದೆ ಹೆಂಡತಿ. ಸಿಕ್ಕಿಬಿದ್ದೆನಲ್ಲಪ್ಪಾ ಎಂದು ಮಾಸ್ಟರು ಕಣ್ಣುಮುಚ್ಚಿದರು. ಹುಡುಗಿ ನೆಲದಲ್ಲಿ ಕೂತು, ಎಡಗೈಯಲ್ಲಿ ಅಳತೆಪಟ್ಟಿ ಹಿಡಿದು ಮಂಡಿ ಅಳೆದಳು.

"ಅಬ್ಬಾ, ಬಗ್ಗಿದೆಯಲ್ಲ! ಬಿಗಿ ಇದ್ದದ್ದು ಮಂಡೀಲಲ್ಲ ಅಂಕಲ್, ನಿಮ್ಮ ಭಯದಲ್ಲಿ."

ಮಾಸ್ಟರು ಬಗ್ಗಿ ನೋಡಿದರು. ಯಾವಾಗ ಹೋಯಿತೋ, ಬಲಗಾಲೂ ಪೆಡಲ್ ಏರಿ, ಹಿಮ್ಮಡಿ ಸ್ಟೂಲಿನ ಕೆಳಗೆ ಹಾಯಾಗಿ ಕೂತಿತ್ತು. ಜನ ಚಪ್ಪಾಳೆ ತಟ್ಟಿದರು.

"ನೋಡಿದ್ಯೇನೇ! ನಾಳೆಯಿಂದ ಅಂಗಡಿ!" ಎಂದು ಮಾಸ್ಟರು ಎದೆಯುಬ್ಬಿಸಿದರು. "ಅಲ್ಲಿ ಇಂಥ ಡಬ್ಬಾ ಇಲ್ಲಮ್ಮ. ಮೋಟಾರ್ ಮೆಷಿನ್! ಕಾಲು ತಾಗಿಸಿದ್ರೆ ಸಾಕು, ತಾನೇ ಓಡುತ್ತೆ. ಮಂಡಿಗೆ ಕೆಲಸವೇ ಇಲ್ಲ."

ಹುಡುಗಿಯ ಮುಖ ಗಂಭೀರವಾಯಿತು. "ಕೆಲಸ ಇಲ್ದಿದ್ರೆ ಮಂಡಿ ಮತ್ತೆ ಮರಗಟ್ಟುತ್ತೆ ಅಂಕಲ್. ನಿಮಗೆ ಈ ಡಬ್ಬಾನೇ ಔಷಧಿ. ಇನ್ನೊಂದು ತಿಂಗಳು ದಿನಾ ಇಲ್ಲೇ ತುಳೀರಿ."

"ಅಂಗಡಿಯಿಂದ ಬಂದು ಮನೇಲಿ ವ್ಯಾಯಾಮ ಮಾಡ್ತೀನಮ್ಮ..."

"ಬಾಯಲ್ಲಾ?" ಎಂದಳು ಹೆಂಡತಿ. "ಇಷ್ಟು ದಿನ ಅಮ್ಮಾ ಅಮ್ಮಾ ಅಂದ್ರಿ, ಆ ಹಳೇ ಸೋಫಾ ಒಂದು ಸಲಾನೂ ಕಿರ್ ಅನ್ನಲಿಲ್ಲ. ನನಗೆ ಕಿವಿ ಇಲ್ಲ ಅಂದ್ಕೊಂಡ್ರಾ?"

ಮಾಸ್ಟರು ಸುತ್ತ ನೋಡಿದರು. ದೊಡ್ಡಮ್ಮ ಆಗಲೇ ಹಾಸಿಗೆ ಹೊದಿಕೆಗಳನ್ನು ಹೊರತೆಗೆಯುತ್ತಿದ್ದರು. "ಅಂಗಡಿ ಚಿಂತೆ ಬಿಡಿ, ಭಾಮೈದ ಇದಾನಲ್ಲ!" ಎಂದು ಕಂಡಕ್ಟರ್ ಧೈರ್ಯ ಹೇಳಿದ.

ಹುಡುಗಿ ಹೊರಡುವ ಮುಂಚೆ ಸಂಕೋಚದಿಂದ ಚೀಲದೊಳಗಿಂದ ತನ್ನ ಬಿಳಿ ಕೋಟು ತೆಗೆದಳು. "ಅಂಕಲ್, ನಿಮ್ಮಂಗಡೀಲೇ ಹೊಲಿಸಿದ್ದು. ನಾನು ಎಡಚಿ ನೋಡಿ, ಈ ಜೇಬು ಕೈಗೆ ಸಿಗಲ್ಲ. ದಾರೀಲಿ ನಿಮ್ಮ ಭಾಮೈದ ಒಂದು ಅಂಗಿ ತೋರಿಸಿದ್ರು, ಎಷ್ಟು ಚೆನ್ನಾಗಿದೆ! ಇದನ್ನೂ ಹಾಗೇ ಬಲಗಡೆಗೆ ಹಾಕಿಕೊಡ್ತೀರಾ? ಕಾಲಿಗೂ ಒಳ್ಳೇದು."

ಮಾಸ್ಟರು ಕೋಟು ಇಸಿದುಕೊಂಡು, ತಾವೇ ಹೊಲಿದಿದ್ದ ಎಡಗಡೆಯ ಜೇಬನ್ನು ಬಿಚ್ಚತೊಡಗಿದರು.