ರಾಯಾಪುರದ ಗೀಜಗನೂ ನಮ್ಮ ಕಡೆಯ ರೀಲೂ

ಹಕ್ಕಿಗಳ ಸಿನಿಮಾ ತೆಗೆಯುವವರನ್ನು ಕಟ್ಟಿಕೊಂಡರೆ ಮನೆಯಲ್ಲಿ ನಗೆಗೆ ಬರವಿಲ್ಲ. ನಗು ಬರುವುದು ಮಾತ್ರ ವಾರ ತಡವಾಗಿ. ಆ ಮಳೆಗಾಲ ನಮ್ಮವರು ರಾಯಾಪುರದ ಬಾವಿಗೆ ಬಾಗಿದ ಜಾಲಿಮರದ ಗೀಜಗನ ಹಿಂದೆ ಬಿದ್ದಿದ್ದರು. ಗಂಡು ನೇಯ್ದ ಗೂಡನ್ನು ಹೆಣ್ಣು ನೋಡಿ, ಒಪ್ಪಿ, ಒಳಗೆ ಹೋಗಬೇಕು. ಅದೊಂದು ಸಿಕ್ಕರೆ ಚಿತ್ರ ಪೂರ್ತಿ. ಯುದ್ಧದ ಕಾಲ, ಮುಂಬಯಿಯಿಂದ ರೀಲು ಬರುವುದು ನಿಂತಿತ್ತು. ಉಳಿದದ್ದು ಒಂದೇ.

೧. ಒಳಗೆ ಇಬ್ಬರು, ಹೊರಗೆ ಒಬ್ಬಳು

ಹಕ್ಕಿಗೆ ಎಣಿಸಲು ಬಾರದಂತೆ. ಅಡಗಿ ಕೂರಲು ಮರದೆದುರು ಹಾಕಿದ ಡೇರೆಯನ್ನು ಇಬ್ಬರು ಹೊಕ್ಕು ಒಬ್ಬರು ಹೊರಬಂದರೆ, ಡೇರೆ ಖಾಲಿ ಎಂದು ನಂಬುತ್ತದಂತೆ. ಹಾಗಾಗಿ ದಿನಾ ಮುಂಜಾನೆ ಇವರನ್ನು ಒಳಗೆ ಬಿಟ್ಟು ನಾನೊಬ್ಬಳೇ ಹೊರಬರುತ್ತಿದ್ದೆ. ನೀರು ಸೇದುವ ಅಜ್ಜಿ ನಾಲ್ಕನೆಯ ದಿನ ತಡೆದಳು.

"ಯವ್ವಾ, ದಿನಾ ಗಂಡನ್ನ ಕೂಡಿಹಾಕಿ ಹೋಗ್ತಿ. ಅಂಥಾದ್ದೇನ್ ಮಾಡ್ಯಾನ?"

"ಹಕ್ಕಿ ನೋಡಾಕ ಕುಂತಾರ ಅಜ್ಜಿ."

"ಡೇರ್ಯಾಗ ಇನ್ನೊಬ್ಬಗ ಜಾಗಾ ಐತೇನು? ನಮ್ಮ ಮುದುಕನ್ನ ಕಳಸ್ತೇನಿ."

೨. ಮನೆ ಒಪ್ಪದವಳು

ಹೆಣ್ಣು ಬಂತು, ಗೂಡನ್ನು ಎರಡು ಸಲ ಜಗ್ಗಿತು, ಹಾರಿಹೋಯಿತು. ಇವರು ಊಟ ಬಿಟ್ಟು ಕುಳಿತರು.

"ಛಲೋ ಮಾಡ್ಯಾಳ ಬಿಡ್ರಿ. ಆಕಿ ಮನಿ ನೋಡಿ ಹೂಂ ಅಂತಾಳ. ನಾ ನಿಮ್ಮ ಮಾರಿ ನೋಡಿ ಹೂಂ ಅಂದೆ, ಈಗ ಸೋರೂ ಮನ್ಯಾಗ ಆರು ಬೋಗಾಣಿ ಇಟ್ಟೇನಿ."

ಮರುದಿನ ಹಕ್ಕಿಗೆ ರಜೆ ಕೊಟ್ಟು, ಹಂಚು ಸರಿಮಾಡಲು ಇವರೇ ಮೇಲೆ ಹತ್ತಿದರು. ಇಳಿದು ಬಂದ ಮೇಲೆ ಬೋಗಾಣಿ ಎಂಟು ಬೇಕಾದವು.

೩. ಮುಚ್ಚಳ

ಒಂದು ದಿನ, ಮಗಳನ್ನು ನೋಡಿಕೊಳ್ಳುವ ಅತ್ತೆಗೆ ಜ್ವರ. ಹಲ್ಲು ಬರುತ್ತಿದ್ದ ಮಗಳನ್ನೂ ಎತ್ತಿಕೊಂಡು ಡೇರೆಗೆ ಹೋದೆ. ನಾವಿಬ್ಬರೂ ಹೊರಟರೆ ಅಪ್ಪ ಬೇಕೆಂದು ರಾಗ ತೆಗೆದಳು. ತಿರುಗಿ ಡೇರೆ ಹೊಕ್ಕೆವು. ಅಷ್ಟರಲ್ಲಿ ಟೊಂಗೆಗೆ ಹೆಣ್ಣು ಬಂತು.

"ಸಪ್ಪಳಾದ್ರ ಮುಗೀತು," ಎಂದು ಇವರು ಪಿಸುಗುಟ್ಟಿದರು.

ಅಪ್ಪ ಕಾಣಲೆಂದು ಮಗುವನ್ನು ಕ್ಯಾಮೆರಾದ ಪಕ್ಕ ಹಿಡಿದೆ. ಏನಾಯಿತೋ, ಒಮ್ಮೆಲೇ ಸುಮ್ಮನಾಯಿತು. ಹೆಣ್ಣು ಗೂಡು ಜಗ್ಗಿ ನೋಡಿತು, ಒಳಗೆ ಹೋಯಿತು, ಅಲ್ಲೇ ಉಳಿಯಿತು! ರೀಲು ಮುಗಿಯುವವರೆಗೆ ಕ್ಯಾಮೆರಾ ಕಿರ್ರೆಂದಿತು.

ಮನೆಗೆ ಮರಳುವಾಗ ಅರ್ಧ ದಾರಿಯಲ್ಲಿ ಇವರು ಕಲ್ಲಿನ ಮೇಲೆ ಕುಸಿದರು. "ಮುಚ್ಚಳ! ನಾ ಮುಚ್ಚಳಾನ ತಗದಿಲ್ಲ!"

ಇವರು ಕಣ್ಣಿಟ್ಟು ನೋಡುವುದು ಪಕ್ಕದ ಪುಟ್ಟ ಕಿಂಡಿಯಲ್ಲಿ. ಮುಂದಿನ ಗಾಜಿಗೆ ಮುಚ್ಚಳವಿದ್ದರೂ ತಿಳಿಯುವುದಿಲ್ಲ; ರೀಲು ಪೂರ್ತಿ ಕತ್ತಲೆ. ಇವರ ಕಣ್ಣು ತುಂಬಿದವು.

ಮಗಳ ಜೊಲ್ಲು ಒರೆಸಲೆಂದು ಸೆರಗು ಸರಿಸಿದೆ. ಎರಡೂ ಕೈಯಲ್ಲಿ ಕರೀ ಮುಚ್ಚಳ ಹಿಡಿದು ಕಡಿಯುತ್ತಿದ್ದಾಳೆ!

"ಈಕಿ ಸುಮ್ಮನಾದದ್ದು ಯಾವಾಗ?" ಇವರು ಎದ್ದು ನಿಂತರು.

"ಹಕ್ಕಿ ಒಳಗ ಹೋಗೂಕಿಂತ ಮೊದಲ."

ಇವರು ಮಗಳನ್ನು ಎತ್ತಿ ಕುಣಿದರು. "ನನ್ನ ಮಗಳು! ಖರೇನ ನನ್ನ ಮಗಳು!"

"ಏನ್ರಿ, ನಿಮ್ಮ ಮಗಳಾಗಿದ್ರ ಮುಚ್ಚಳ ತಗ್ಯೂದು ಮರೀತಿದ್ಳು."